ತಾಳೆ ನೋಡಿದ ಮಾಸ್ತರರು

ಹಾಂ, ನಿನ್ನೆ ಬರೆಯುತ್ತಿದ್ದ, ನಮಗೆ ಗಣಿತ ಕಲಿಸಿದ ಬಂಡೆಪ್ಪ ಮಾಸ್ತರರ ಮಾತು ಅರ್ಧಕ್ಕೇ ನಿಂತಿತ್ತಲ್ಲ. ಇವತ್ತು ಶಿವಾಜಿನಗರದ ಫುಟ್‌ಪಾತಿನಲ್ಲಿ ಗಣಿತ ಕಲಿಸುವ ಪುಸ್ತಕವೊಂದನ್ನು ತೆರೆದೆ. ಹೊಸ ಅಂಟಿನ ವಾಸನೆ ನನ್ನನ್ನು ಈ ಮರಾಠಿ ಊರಿನಲ್ಲಿ ನಾನು ಚಿಕ್ಕಂದಿನಲ್ಲಿ ಓದಿದ ಕನ್ನಡ ಶಾಲೆಗೇ ಎಳೆದೊಯ್ದಿತು. ನನ್ನಾಕೆ ಇದ್ದಿದ್ದರೆ, "ಮತ್ತ ಅದ ಕಥಿ ಏನ್ರಿ?" ಅನ್ನುತ್ತಿದ್ದಳು.

ಭಾಗಾಕಾರದ ಉತ್ತರ ಬಂದ ಮೇಲೂ ಮಾಸ್ತರರು ತಿರುಗಿ ಗುಣಿಸಿ ತಾಳೆ ನೋಡಿಸುತ್ತಿದ್ದರು. ಇಂಗ್ಲಿಷಿನಲ್ಲಿ ವೆರಿಫಿಕೇಶನ್ನೋ ಏನೋ ಅನ್ನುತ್ತಾರೆ. ಆ ವರ್ಷ ನಮಗೆ ಗಣಿತದ ಪುಸ್ತಕವೇ ಬಂದಿರಲಿಲ್ಲ. ಆದರೂ ಚುನಾವಣೆಗೆ ಮುಂಚೆ ಕಾರ್ಪೊರೇಟರು ಶಾಲೆಯಂಗಳದ ಸಭೆಯಲ್ಲಿ, ಎಲ್ಲ ಮಕ್ಕಳಿಗೂ ಪುಸ್ತಕ ಮುಟ್ಟಿಸಿದ್ದೇವೆ ಎಂದರು.

ಮಾಸ್ತರರು ಎದ್ದರು. ಕಾರ್ಪೊರೇಟರು ಎಲ್ಲಿ ವರ್ಗಾವಣೆ ಮಾಡಿಸುತ್ತಾರೋ ಎಂದು ಹೆಡ್‌ಮಾಸ್ತರರು ಮಾಸ್ತರರ ಅಂಗಿ ಎಳೆದರು.

"ತಾಳೆ ನೋಡೂಣ್ರಿ ಸಾಹೇಬ್ರ. ಪುಸ್ತಕ ಸಿಕ್ಕವ್ರು ಕೈ ಎತ್ರಿ," ಎಂದರು ಮಾಸ್ತರರು.

ಒಂದು ಕೈಯೂ ಏಳಲಿಲ್ಲ.

"ಉತ್ತರ ತಪ್ಪಿದ್ರ ಇಲ್ಲೆ ಬೆಂಚಿನ ಮ್ಯಾಲ ನಿಲ್ಲಸ್ತಾರ್ರಿ," ಎಂದಳು ಹಿಂದಿನಿಂದ ನನ್ನವ್ವ. ಸಭೆಯೆಲ್ಲ ನಕ್ಕಿತು. ಕಾರ್ಪೊರೇಟರು ಭಾಷಣ ಬಿಟ್ಟು ಕುಳಿತರು.

ಅದೇ ವಾರ ಟೆಂಪೋ ಬಂತು. ಗಣಪತಿಯನ್ನು ಮನೆಗೆ ತರುವ ಹಾಗೆ ನಾವು ಗಣಿತದ ಪುಸ್ತಕಗಳನ್ನು ತಲೆಯ ಮೇಲಿಟ್ಟುಕೊಂಡು ಓಣಿಯುದ್ದಕ್ಕೂ ನಡೆದೆವು. ಮುಂದೆ ಮಾಸ್ತರರು. ವರ್ಗಾವಣೆಯ ಮಾತನ್ನು ಆಮೇಲೆ ಯಾರೂ ಎತ್ತಲಿಲ್ಲ.

ಅರೆ, ಕಿಟಕಿಯಲ್ಲಿ ಬೆಳಕು ಹೋಗುತ್ತಿದೆ. ಇಷ್ಟು ಸಾಕು.