ಮೂರು ಸಲ ನೋಡಿದ ನಾಡಿ

ಆ ಮಂಗಳವಾರವೂ ಆರೂವರೆಗೆ ಎದ್ದೆ. ಫಿಲ್ಟರಿನಲ್ಲಿ ಇಳಿದಿದ್ದ ಡಿಕಾಕ್ಷನ್ನಿಗೆ ಹಾಲು ಬೆರೆಸಿ, ನಿಂತೇ ಒಂದು ಲೋಟ ಕಾಫಿ ಕುಡಿದೆ. ಎಂಟು ತಿಂಗಳಿಂದ ನಮ್ಮ ಮನೆಯಲ್ಲಿ ಕಾಫಿ ಒಂದೇ ಲೋಟ. ಸ್ಟ್ರೋಕ್ ಆದ ಮೇಲೆ ನಮ್ಮ ಯಜಮಾನರಿಗೆ ನೀರಿನಂಥದ್ದು ಯಾವುದೂ ಗಂಟಲಲ್ಲಿ ನೆಟ್ಟಗೆ ಇಳಿಯುತ್ತಿರಲಿಲ್ಲ. ರಾಗಿ ಗಂಜಿಯನ್ನು ಚಮಚ ಓರೆ ಮಾಡಿದರೂ ಜಾರದಷ್ಟು ಗಟ್ಟಿ ಮಾಡಬೇಕಿತ್ತು. ಅದು ಆರುವಷ್ಟರಲ್ಲಿ ಮಾತ್ರೆಗಳ ಡಬ್ಬಿಯಲ್ಲಿ ಮಂಗಳವಾರದ ಮುಚ್ಚಳ ತೆಗೆದು, ನಾಲ್ಕು ಮಾತ್ರೆ ಪುಡಿ ಮಾಡಿಟ್ಟೆ. ಕಿಟಕಿಯಿಂದ ನೋಡಿದರೆ ಪಕ್ಕದ ಮನೆಯಾಕೆ ತಮ್ಮ ಕಸದ ತೊಟ್ಟಿಯ ಜೊತೆಗೆ ನಮ್ಮದನ್ನೂ ರಸ್ತೆ ಬದಿಗೆ ಎಳೆದುಕೊಂಡು ಹೋಗುತ್ತಿದ್ದರು. ಧಾರವಾಡದ ಕಡೆಯವರು, ಮೂವತ್ತು ವರ್ಷ ಆಸ್ಪತ್ರೆಯಲ್ಲಿ ನರ್ಸ್ ಆಗಿದ್ದು ನಿವೃತ್ತರಾದವರು. ಅವರ ಒಂದು ಕಾಲುಚೀಲ ಕೆಂಪು, ಇನ್ನೊಂದು ಕಂದು.

ಬಿಸಿ ಟವೆಲಿನಿಂದ ಯಜಮಾನರ ಮುಖ ಒರೆಸಿದೆ, ಆಮೇಲೆ ಬಲಗೈ. ಆ ಕೈಯನ್ನು ಅವರು ಯಾರೋ ಮರೆತು ಬಿಟ್ಟುಹೋದ ವಸ್ತುವಿನ ಹಾಗೆ ನೋಡುತ್ತಿದ್ದರು. ಮಾತು ಪೂರ್ತಿ ಹೋಗಿತ್ತು. ತಲೆಯಾಡಿಸುತ್ತಿದ್ದರು, ಆದರೆ ಎಲ್ಲದಕ್ಕೂ. ಗಂಜಿ ಬೇಕಾ ಎಂದರೂ ಹೂಂ, ಸಾಕಾ ಎಂದರೂ ಹೂಂ.

ಆ ದಿನ ಸಂಜೆ ಐದರೊಳಗೆ ಒಂದು ಉತ್ತರ ಕೊಡಬೇಕಿತ್ತು. ಕಾರಿನಲ್ಲಿ ಐದು ಗಂಟೆ ದೂರದ ಸ್ಕೋಕಿಯಲ್ಲಿರುವ ನಮ್ಮ ಮಗಳು ಅಪ್ಪನಿಗಾಗಿ ತನ್ನೂರಿನ ಪಕ್ಕದ ಡೆಸ್ ಪ್ಲೇನ್ಸ್‌ನ ಒಂದು ಆರೈಕೆ ಮನೆಯಲ್ಲಿ ಹಾಸಿಗೆ ಹಿಡಿದಿಟ್ಟಿದ್ದಳು. ಇದು ಕೈತಪ್ಪಿದರೆ ಮತ್ತೆ ಯಾವಾಗಲೋ. ನನಗೆ ಅವರನ್ನು ಎತ್ತಲು ಆಗುತ್ತಿರಲಿಲ್ಲ. ಹಿಂದಿನ ತಿಂಗಳು ಎರಡು ಸಲ ಬಚ್ಚಲಿನಲ್ಲಿ ಜಾರಿದ್ದರು. ಎರಡು ಸಲವೂ ಎತ್ತಿ ಕೂರಿಸಲು ಆಂಬುಲೆನ್ಸಿನವರೇ ಬಂದಿದ್ದರು. ಆದರೂ ಅವರಿಗೆ ಕ್ಯಾಂಟನ್ನಿನ ಈ ಮನೆಯಲ್ಲೇ ಇರುವ ಮನಸ್ಸಿದೆ ಎಂದು ಗೊತ್ತಾದರೆ ಸಾಕು, ಬೆನ್ನು ಮುರಿದರೂ ಸರಿ, ಕಳಿಸುವುದಿಲ್ಲ ಎಂದುಕೊಂಡಿದ್ದೆ. ಗೊತ್ತಾಗುವುದು ಹೇಗೆ?

ಅವರ ನೋಟ್‌ಬುಕ್ ತೆಗೆದದ್ದು ಅದಕ್ಕೇ.

ಮೈಸೂರಿನವರಾದ ನಮ್ಮ ಯಜಮಾನರು ಇಲ್ಲೇ ಡೆಟ್ರಾಯಿಟ್ ಹತ್ತಿರದ ಒಂದು ಔಷಧಿ ಅಂಗಡಿಯಲ್ಲಿ ಫಾರ್ಮಸಿಸ್ಟ್ ಆಗಿದ್ದರು. ಮದ್ದಿನಂಗಡಿ ಎಂಬುದು ಮೊದಲು ಎಲ್ಲಿ ಹುಟ್ಟಿತು ಎಂದು ಹುಡುಕುತ್ತಾ ಹೋಗಿ, ಸಾವಿರ ವರ್ಷದ ಹಿಂದಿನ ಬಾಗ್ದಾದಿನಲ್ಲಿ ಸಿಕ್ಕಿಹಾಕಿಕೊಂಡವರು. ನಿವೃತ್ತಿಯಾದ ಮೇಲೆ ಅದೇ ಧ್ಯಾನ. ಅಲ್ಲಿನ ಹಕೀಮರ ವಿಷಯ ಕನ್ನಡದಲ್ಲಿ ಒಂದು ಪುಸ್ತಕ ಬರೆಯುತ್ತೇನೆಂದು ಆರು ನೋಟ್‌ಬುಕ್ ತುಂಬಿಸಿದ್ದರು. ನಾನು ಚಪಾತಿ ಲಟ್ಟಿಸುವಾಗ ಅಡುಗೆಮನೆಯ ಸ್ಟೂಲಿನ ಮೇಲೆ ಕೂತು ಓದಿ ಹೇಳುತ್ತಿದ್ದರು.

"ನೋಡೇ ಇಲ್ಲಿ, ಆಸ್ಪತ್ರೆ ಎಲ್ಲಿ ಕಟ್ಟಬೇಕು ಅಂತ ರಾಜ ಕೇಳಿದನಂತೆ. ಹಕೀಮರು ಏನ್ ಮಾಡಿದ್ರು ಗೊತ್ತಾ? ಊರಿನ ಬೇರೆ ಬೇರೆ ಕಡೆ ಮಾಂಸದ ತುಂಡು ನೇತುಹಾಕಿಸಿದ್ರು. ಎಲ್ಲಿ ನಿಧಾನವಾಗಿ ಕೊಳೀತೋ ಅಲ್ಲೇ ಆಸ್ಪತ್ರೆ!"

"ಛೀ, ಊಟದ ಹೊತ್ತಲ್ಲಿ ಎಂಥ ಮಾತಾಡ್ತೀರಿ," ಎಂದಿದ್ದೆ.

ಮಗಳು ಡೆಸ್ ಪ್ಲೇನ್ಸ್‌ನ ಜಾಗವನ್ನು ಇಂಟರ್ನೆಟ್ಟಿನಲ್ಲಿ ಜನ ಕೊಟ್ಟ ನಕ್ಷತ್ರ ಎಣಿಸಿ ಆರಿಸಿದ್ದಳು.

ಹಕೀಮರೊಬ್ಬರು ಬರೆದ, ಗಾಳಿಯಲ್ಲಿ ತೇಲುವ ಮನುಷ್ಯನ ಮಾತನ್ನೂ ಯಜಮಾನರು ಹೇಳುತ್ತಿದ್ದರು. ಒಬ್ಬ ಮನುಷ್ಯನನ್ನು ಕಣ್ಣು ಮುಚ್ಚಿ, ಒಂದು ಬೆರಳು ಇನ್ನೊಂದಕ್ಕೆ ತಾಗದ ಹಾಗೆ ಶೂನ್ಯದಲ್ಲಿ ತೇಲಿಬಿಟ್ಟರೂ, ತಾನಿದ್ದೇನೆ ಎಂಬುದು ಅವನಿಗೆ ಗೊತ್ತಿರುತ್ತದೆಯಂತೆ. ಆಗ ಅದು ನನಗೆ ತಮಾಷೆಯಾಗಿ ಕಂಡಿತ್ತು. ಈ ಎಂಟು ತಿಂಗಳಲ್ಲಿ ಅವರ ಮುಖ ನೋಡಿದಾಗಲೆಲ್ಲ ಅದೇ ಕೇಳಬೇಕೆನಿಸುತ್ತಿತ್ತು. ಗೊತ್ತಿದೆಯಾ? ಒಳಗಿದ್ದೀರಾ?

ನಾನು ಹುಡುಕುತ್ತಿದ್ದುದು ನಾಲ್ಕನೇ ನೋಟ್‌ಬುಕ್ಕಿನಲ್ಲಿತ್ತು. ಕನ್ನಡ ಕೂಟದಲ್ಲಿ ಅವರೇ ಹೇಳಿದ್ದ ಕಥೆ. ಒಬ್ಬ ಯುವಕ ಊಟ ಮಾತು ಬಿಟ್ಟು ಹಾಸಿಗೆ ಹಿಡಿದ. ರೋಗ ಏನೆಂದು ಯಾರಿಗೂ ತಿಳಿಯದು. ಹಕೀಮರು ಬಂದು ಅವನ ನಾಡಿ ಹಿಡಿದು ಕೂತು, ಊರುಗಳ ಹೆಸರು ಒಂದೊಂದಾಗಿ ಹೇಳಿಸಿದರು. ಒಂದು ಊರಿಗೆ ನಾಡಿ ಹಾರಿತು. ಆ ಊರಿನ ಬೀದಿಗಳು. ಒಂದು ಬೀದಿಗೆ ಹಾರಿತು. ಆ ಬೀದಿಯ ಮನೆಗಳು. ಕೊನೆಗೆ ಆ ಮನೆಯ ಹುಡುಗಿಯ ಹೆಸರು. ಅವನು ಬಾಯಿ ಬಿಡದಿದ್ದುದನ್ನು ರಕ್ತ ಹೇಳಿತು ಎಂದು ಅವರು ಮುಗಿಸಿದಾಗ ಎಲ್ಲರೂ ಚಪ್ಪಾಳೆ ತಟ್ಟಿದ್ದರು. ಹಿಂದಿನ ಸಾಲಿನಿಂದ ಒಬ್ಬರು, "ಸಾರ್, ದಯವಿಟ್ಟು ಇದನ್ನ ನಮ್ಮನೆಯವಳಿಗೆ ಹೇಳ್ಕೊಡ್ಬೇಡಿ, ನನ್ನ ಕಾಲೇಜಿನ ಹಾಜರಿ ಪುಸ್ತಕ ತಂದುಬಿಡ್ತಾಳೆ!" ಎಂದು ಕೂಗಿದ್ದರು.

ಮುಂದಿನ ಪುಟದಲ್ಲಿ ನಾಡಿ ನೋಡುವ ವಿಧಾನವೇನೋ ಚಿತ್ರಸಮೇತ ಇತ್ತು. ನನಗೆ ಬೇಕಾದದ್ದು ಸಿಕ್ಕಿತ್ತು, ಮುಚ್ಚಿಟ್ಟೆ.

ಹನ್ನೊಂದು ಗಂಟೆಗೆ ಅವರ ಪಕ್ಕದಲ್ಲಿ ಕೂತೆ. ಮನೆ ಬಿಸಿ ಮಾಡುವ ಫರ್ನೇಸಿನ ಸದ್ದು ನಿಲ್ಲುವವರೆಗೂ ಕಾದೆ. ಆಡುವ ಕೈ ಎಡಗೈ. ಅದನ್ನು ತೊಡೆಯ ಮೇಲಿಟ್ಟುಕೊಂಡು, ಮಗಳು ಚಿಕ್ಕವಳಾಗಿದ್ದಾಗ ಬಳೆ ತೊಡಿಸಲು ಹಿಡಿಯುತ್ತಿದ್ದೆನಲ್ಲ, ಹಾಗೆ ಹಿಡಿದೆ. ಬೆರಳೆಲ್ಲ ಮೇಲುಗಡೆ, ಹೆಬ್ಬೆಟ್ಟು ಮಣಿಕಟ್ಟಿನ ಒಳಗೆ. ಒಂದು ಕ್ಷಣ ಏನೂ ಇಲ್ಲ. ಇನ್ನೂ ಸ್ವಲ್ಪ ಒತ್ತಿದೆ. ಸಿಕ್ಕಿತು. ಸಣ್ಣಗೆ, ಸಮನಾಗಿ. ಎಷ್ಟೋ ದಿನದ ಮೇಲೆ ಅವರು ನನ್ನೊಡನೆ ಮಾತಾಡಿದ ಹಾಗಾಯಿತು.

ದನಿ ಏರಿಳಿಸಬಾರದು ಎಂದುಕೊಂಡೆ. ಕಾನ್ವೆಂಟಿನಲ್ಲಿ ಸಿಸ್ಟರ್ ಹಾಜರಿ ಕರೆಯುತ್ತಿದ್ದರಲ್ಲ, ಮುಖದಲ್ಲಿ ಯಾರ ಮೇಲೂ ಪ್ರೀತಿ ತೋರದೆ, ಹಾಗೆ ಓದಿದೆ.

"ಮೈಸೂರು."

ಸಮ.

"ಸ್ಕೋಕಿ."

ಸಮ.

"ಕ್ಯಾಂಟನ್. ನಮ್ಮನೆ. ಅಡುಗೆಮನೆ ಸ್ಟೂಲು."

ಸಮ.

"ಡೆಸ್ ಪ್ಲೇನ್ಸ್."

ಹಾರಿತು. ಚರ್ಮದ ಕೆಳಗೆ ಏನೋ ಒದ್ದುಕೊಂಡ ಹಾಗೆ.

ಎದ್ದು ಹೋಗಿ ನೀರು ಕುಡಿದೆ. ಒಂದು ಸಲ ಕಂಡದ್ದನ್ನು ನಂಬಬಾರದು, ಮತ್ತೆ ಮತ್ತೆ ನೋಡಬೇಕು, ಹಕೀಮರು ಮದ್ದು ಪರೀಕ್ಷಿಸುತ್ತಿದ್ದುದೇ ಹಾಗೆ ಎಂದು ಯಜಮಾನರು ಹೇಳುತ್ತಿದ್ದರು. ಮತ್ತೆ ಕೂತೆ. ಹೆಸರುಗಳನ್ನು ಹಿಂದುಮುಂದು ಮಾಡಿದೆ. ಡೆಸ್ ಪ್ಲೇನ್ಸ್ ಅನ್ನು ಮೊದಲಿಗಿಟ್ಟೆ; ಹಾರಿತು. ಮಧ್ಯದಲ್ಲಿಟ್ಟೆ, ಹಾರಿತು, ಕೆಳಗಿಳಿಯಲು ಬಹಳ ಹೊತ್ತು ಹಿಡಿಯಿತು. ಮೂರು ಸಲವೂ ಅವರು ಕಿಟಕಿಯಾಚೆ ಖಾಲಿ ಕಸದ ತೊಟ್ಟಿಗಳನ್ನು ನೋಡುತ್ತಿದ್ದರು.

ಕಥೆಯಲ್ಲಿ ಮನಸ್ಸು ಇದ್ದ ಕಡೆಗೇ ನಾಡಿ ಹಾರಿತ್ತು. ಇಲ್ಲಿಂದ ಹೋಗಬೇಕು ಎಂದು ಅವರಿಗಿದೆ. ಮೂವತ್ತೆಂಟು ವರ್ಷದ ಮೇಲೆ, ನನ್ನ ಕೈಯಿಂದ ಬಿಡಿಸಿಕೊಳ್ಳಬೇಕು ಎಂದಿದೆ. ಇರಲಿ. ಅಳು ಬರಲಿಲ್ಲ. ಅವರ ಕೈಯನ್ನು ಹೊದಿಕೆಯೊಳಗೆ ಇಟ್ಟು ಮಗಳಿಗೆ ಫೋನ್ ಮಾಡಿದೆ.

"ಆಗಲಿ ಅಂತ ಹೇಳಿಬಿಡು, ಪುಟ್ಟಿ."

"ಆರ್ ಯು ಶ್ಯೂರ್, ಅಮ್ಮಾ? ನಿನ್ನೆ ನೋ ಅಂದೆ."

"ಅವರಿಗೇ ಹೋಗಬೇಕು ಅಂತಿದೆ."

"ಡಿಡ್ ಹಿ ಸೇ ದಟ್? ಹೌ?"

"ನನಗೆ ಹೇಳಿದ್ರು," ಎಂದೆ.

ಅವಳು ಆ ಕಡೆ ಅತ್ತಳು. ಮೂಗು ಒರೆಸಿಕೊಂಡು, "ಓಕೆ. ಐ ವಿಲ್ ಸೈನ್ ಇಟ್ ನೌ," ಎಂದಳು. ಇಪ್ಪತ್ತು ನಿಮಿಷದಲ್ಲಿ ಮೆಸೇಜು ಬಂತು. ಶುಕ್ರವಾರ ಬೆಳಿಗ್ಗೆ ವ್ಯಾನು. ಬಟ್ಟೆಗಳ ಮೇಲೆಲ್ಲ ಹೆಸರು ಹೊಲಿದಿರಬೇಕು.

ಮಧ್ಯಾಹ್ನವೆಲ್ಲ ಹೊಲಿದೆ. ಅಂಗಿಯ ಕಾಲರಿನ ಒಳಗೆ, ಪಂಚೆಯ ಅಂಚಿಗೆ, ಕಾಲುಚೀಲಕ್ಕೆ. ಕಾನ್ವೆಂಟಿನಲ್ಲಿ ಕಲಿತ ಹೊಲಿಗೆ, ಸಣ್ಣ ಸಣ್ಣದು. ಯಾರು ಒಗೆದರೂ ಬಿಚ್ಚುವುದಿಲ್ಲ. ಶುಕ್ರವಾರ ಅವರು ಹೊರಟಾಗ ನೋಟ್‌ಬುಕ್ಕುಗಳನ್ನು ಚೀಲಕ್ಕೆ ಹಾಕಬೇಕೋ ಬೇಡವೋ ಎಂದು ಯೋಚಿಸಿ, ಹಾಕದೆ ಇಟ್ಟುಕೊಂಡೆ. ಇವತ್ತಿಗೂ ಆರೂ ನನ್ನ ಹತ್ತಿರವೇ ಇವೆ. ಅವರು ಅಲ್ಲಿದ್ದಾರೆ.

ಆ ಮಂಗಳವಾರವೇ, ಸಂಜೆ ಆರರ ಹೊತ್ತಿಗೆ ಪಕ್ಕದ ಮನೆಯಾಕೆ ಶೇಂಗಾ ಚಟ್ನಿಪುಡಿಯ ಡಬ್ಬಿ ಹಿಡಿದು ಬಂದರು. ಮೇಜಿನ ತುಂಬ ಬಟ್ಟೆ ಕಂಡು, "ಏನ್ರೀ ಅಕ್ಕಾರ, ಟೇಲರ್ ಅಂಗಡಿ ತೆಗದೀರೇನು?" ಎಂದು ನಕ್ಕರು. ನಾನು ಎಲ್ಲ ಹೇಳಿದೆ. ಯಾರಿಗಾದರೂ ಹೇಳಬೇಕಿತ್ತು. ಹಕೀಮರ ಕಥೆ, ಮೂರು ಸಲ ನೋಡಿದ್ದು, ಮೂರು ಸಲವೂ ಒಂದೇ ಹೆಸರಿಗೆ ಹಾರಿದ್ದು. ಹೇಗೆ ಹಿಡಿದೆ ಎಂದು ತೋರಿಸಲು ಅವರ ಮಣಿಕಟ್ಟನ್ನೇ ಹಿಡಿದೆ.

ಅವರು ಬಗ್ಗಿ ನನ್ನ ಕೈ ನೋಡಿದರು. ಬೆರಳಿಗಂಟಿದ್ದ ಚಟ್ನಿಪುಡಿ ನೆಕ್ಕಿಕೊಂಡು, ಬಾಗಿಲ ಕಡೆ ಹೊರಟವರು ಚಪ್ಪಲಿ ಮೆಟ್ಟುತ್ತಾ ಅಂದರು:

"ಹೆಬ್ಬಟ್ಟಿಲೆ ಹಿಡದ್ರೇನ್ರೀ? ಹೊಸಾ ನರ್ಸ್ ಹುಡಿಗೇರೂ ಹಿಂಗ ಮಾಡ್ತಿದ್ರು, ದಿನಾ ಬೈತಿದ್ದೆ. ಹೆಬ್ಬಟ್ಟಿಗೆ ತನ್ನದ ಒಂದು ನಾಡಿ ಇರ್ತೈತ್ರಿ ಅಕ್ಕಾರ, ಹಂಗ ಹಿಡದ್ರ ನಿಮಗ ನಿಮ್ ನಾಡೀನ ಬಡೀತೈತಿ. ಡಬ್ಬಿ ನಾಳೆ ಕೊಡ್ರಿ, ಅವಸರೇನಿಲ್ಲ."