ಸೀದ ಗುರೆಳ್ಳು

ಹೈದರಾಬಾದಿನ ದೊಡ್ಡ ಹೋಟೆಲೊಂದರಲ್ಲಿ ನಾನು ಮುಖ್ಯ ಬಾಣಸಿಗ. ಕಳೆದ ಚಳಿಗಾಲದಲ್ಲಿ ಮಾಲೀಕರು, "ಹೊಸ ಮೆನು ಪೂರ್ತಿ ನಿಮ್ಮ ಬಾಲ್ಯದ್ದೇ ಇರಲಿ. ಆದೋನಿ ಸೀಮೆಯ ಊಟ ಇಲ್ಲಿ ಯಾರೂ ಹೀಗೆ ಬಡಿಸಿಲ್ಲ" ಅಂದರು. ಖುಷಿಯಿಂದ ಒಪ್ಪಿಕೊಂಡೆ. ಅದರ ಬೆನ್ನಿಗೇ ಜ್ವರ ಬಂತು. ಇಳಿದಾಗ ಮೂಗು ಸತ್ತುಹೋಗಿತ್ತು. ಒಗ್ಗರಣೆಯ ಇಂಗೂ ಗೊತ್ತಾಗದು, ಕೆಟ್ಟ ಮೀನೂ ಗೊತ್ತಾಗದು. "ಬರಬಹುದು, ಕಾಯಿರಿ" ಅಂದರು ಡಾಕ್ಟರು. ಅಡುಗೆಯವನಿಗೆ ಆ 'ಬಹುದು' ಸಾಕು, ನಿದ್ದೆ ಕೆಡಲು.

ರಜೆ ಹಾಕಿ ಆದೋನಿ ಹತ್ತಿರದ ಪೆದ್ದಹರಿವಾಣಕ್ಕೆ, ಅಕ್ಕನ ಮನೆಗೆ ಹೋದೆ. ಅವ್ವ ತೀರಿಕೊಂಡ ಮೇಲೆ ನಮ್ಮ ಮನೆಯ ಅಡುಗೆ ಉಳಿದಿರುವುದು ಅಕ್ಕನ ಕೈಯಲ್ಲಿ. ಆಕೆ ದಿನಾ ಏನಾದರೊಂದು ನನ್ನ ಮೂಗಿಗೆ ಹಿಡಿಯುತ್ತಿದ್ದಳು. ಜಜ್ಜಿದ ಬೆಳ್ಳುಳ್ಳಿ, ಪುಂಡಿಸೊಪ್ಪು, ಹಾಲು ಕಾಯಿಸಿದ ಪಾತ್ರೆ.

"ಏನರೆ ಬಂತೇನೋ?"

"ಇಲ್ಲಕ್ಕ."

ಭಾವ ನಗುತ್ತಿದ್ದ. "ಕುರಿದೊಡ್ಡಿಯಾಗ ಮಲಗ್ಸು ಆತನ್ನ. ಅಲ್ಲೂ ಬರ್ಲಿಲ್ಲಂದ್ರ ಇನ್ನೆಲ್ಲೂ ಬರಂಗಿಲ್ಲ."

ನಾನು ನಿಜವಾಗಿಯೂ ಹೋಗಿ ಕುರಿಗಳ ನಡುವೆ ಕೂತುಬಂದೆ. ಏನೂ ಇಲ್ಲ.

ಒಂದು ಮಧ್ಯಾಹ್ನ ಕಟ್ಟೆಯ ಮೇಲೆ ಅಡ್ಡಾಗಿದ್ದೆ. ಒಳಗೆ ಅಕ್ಕ ಚಟ್ನಿಪುಡಿಗೆ ಗುರೆಳ್ಳು, ಅದೇ ಹುಚ್ಚೆಳ್ಳು, ಹುರಿಯುತ್ತ ಪಕ್ಕದ ಮನೆಯಾಕೆಯ ಜೊತೆ ತೆಲುಗಿನಲ್ಲಿ ಹರಟುತ್ತಿದ್ದಳು. ನಾನು ದಡಕ್ಕನೆ ಎದ್ದು ಕೂತೆ.

"ಅಕ್ಕಾ, ಗುರೆಳ್ಳು ಸೀದೈತಿ!"

ಹರಟೆ ನಿಂತಿತು. ಅಕ್ಕ ಬಾಣಲೆ ಹಿಡಿದುಕೊಂಡೇ ಓಡಿಬಂದಳು, ಕಣ್ಣಲ್ಲಿ ನೀರು, ಬಾಯಲ್ಲಿ ಬೈಗುಳ. "ಮೂಗು ಬಂದಕೂಡ್ಲೆ ನನ್ನ ಅಡಿಗಿಗೇ ಹೆಸರಿಡ್ತಿಯೇನಲೇ!"

ಬಾಣಲೆಯ ಮೇಲೆ ಬಗ್ಗಿ ಆ ಸೀದ ವಾಸನೆಯನ್ನು ಹೊಟ್ಟೆ ತುಂಬ ಎಳೆದುಕೊಂಡೆ. ಹತ್ತಿ ಬಿಡಿಸಲು ಹೋಗುವ ಗಡಿಬಿಡಿಯಲ್ಲಿ ಅವ್ವ ಹೀಗೇ ಸೀಯಿಸುತ್ತಿದ್ದಳು. ನಮಗೆ ಗುರೆಳ್ಳು ಅಂದರೆ ಆ ಕಹಿಯೇ.

ಅಲ್ಲಿಯವರೆಗೆ ಮೆನುವಿಗೆಂದು ನಾನು ಯೋಚಿಸಿದ್ದೆಲ್ಲ ಹಬ್ಬದ ಅಡುಗೆ. ಅದನ್ನೆಲ್ಲ ಬಿಟ್ಟೆ. ಹೈದರಾಬಾದಿಗೆ ಮರಳಿ, ಅವ್ವ ಕೆಲಸಕ್ಕೆ ಹೋಗುವ ಮುಂಚೆ ಮಾಡಿಡುತ್ತಿದ್ದ ಊಟವನ್ನೇ ಬಡಿಸಿದೆ. ಅಂಗೈಯಗಲದ ಜೋಳದ ರೊಟ್ಟಿ, ಪುಂಡಿಪಲ್ಯ, ಬೇಕೆಂದೇ ತುಸು ಸೀಯಿಸಿದ ಗುರೆಳ್ಳು ಪುಡಿ.

ಮಾಲೀಕರು ನನ್ನನ್ನೂ ಎದುರಿಗೆ ಕೂರಿಸಿಕೊಂಡು ಒಂದು ತುತ್ತು ತಿಂದರು.

"ಕಹಿ ಇದೆಯಲ್ಲ?"

"ಹೌದು ಸಾರ್. ನಮ್ಮ ಮನೆಯಲ್ಲಿ ಹಾಗೇ."

ಅವರು ಇನ್ನೊಂದು ತುಂಡು ಮುರಿದುಕೊಂಡರು. ಅದು ಮುಗಿದ ಮೇಲೆ ನನ್ನ ತಟ್ಟೆಯನ್ನೂ ತಮ್ಮ ಕಡೆ ಎಳೆದುಕೊಂಡರು.

ಈಗ ಬೆಳಿಗ್ಗೆ ಹೋಟೆಲಿನ ಅಡುಗೆಮನೆ ಬಾಗಿಲು ತೆಗೆದು ಒಂದು ಗಳಿಗೆ ನಿಲ್ಲುತ್ತೇನೆ. ಫಿನಾಯಿಲು, ಈರುಳ್ಳಿ, ಯಾರೋ ಬಿಟ್ಟುಹೋದ ಕಾಫಿ. ಎಲ್ಲ ಬರುತ್ತದೆ. ನೆಮ್ಮದಿಯಿಂದ ಒಲೆ ಹಚ್ಚುತ್ತೇನೆ.