ಶಿಬಿರದ ದಾನಿ

ಮೂಳೆಮಜ್ಜೆ ದಾನದ ಶಿಬಿರ ದೆಹಲಿಯಲ್ಲಿ ಎಲ್ಲೇ ನಡೆಯಲಿ, ನೋಯ್ಡಾದ ಐಟಿ ಕಂಪನಿಯ ಗುರುಕಿರಣ್ ದಾನಿಗಳ ಟೀ ಶರ್ಟು ತೊಟ್ಟು ಹಾಜರು. ಆರ್ಕುಟ್‌ಗೆ ಫೋಟೋ ಹಾಕುತ್ತಾನೆ, ಸಮೋಸ ಮೆಲ್ಲುತ್ತ "ಒಂದು ಜೀವ ಉಳಿಸೋದು ಎಷ್ಟು ಸುಲಭ ಯಾರ್" ಎಂದು ಭಾಷಣ ಬಿಗಿಯುತ್ತಾನೆ. ದಾನಿಗಳ ನೋಂದಣಿ ಕಚೇರಿಯ ವಸುಧಾಗೆ ಅವನ ಮುಖ ಕಂಡರೆ ಮೈ ಉರಿಯುತ್ತದೆ. ಹೋದ ವರ್ಷ ಅವನ ಮಜ್ಜೆ ಹುಡುಗಿಯೊಬ್ಬಳಿಗೆ ಹೊಂದಿದಾಗ ಒಪ್ಪಿ ಸಹಿ ಹಾಕಿದವನು, ವೈದ್ಯರು ಹೊಸ ಮಜ್ಜೆಗೆ ಜಾಗ ಮಾಡಲು ಅವಳ ರೋಗಿಷ್ಠ ಮಜ್ಜೆಯನ್ನು ಔಷಧಿಯಿಂದ ಪೂರ್ತಿ ನಾಶಮಾಡಿದ ಮರುದಿನ "ಮನೇಲಿ ಬೇಡ ಅಂತಾರೆ ಮೇಡಂ" ಎಂದು ಫೋನಿಟ್ಟ. ಹುಡುಗಿ ಉಳಿಯಲಿಲ್ಲ. ದಾನಿಯ ಹೆಸರನ್ನಾಗಲಿ ಕಾರಣವನ್ನಾಗಲಿ ಯಾರಿಗೂ ಹೇಳಬಾರದೆಂಬುದು ನಿಯಮ. ಹುಡುಗಿಯ ತಾಯಿ ಇಂದಿಗೂ ವಸುಧಾಗೆ ಫೋನ್ ಮಾಡುತ್ತಾರೆ: "ಆ ದಾನಿಗೇನೋ ಕಾಯಿಲೆ ಬಂದಿರಬೇಕು ಪಾಪ, ಇಲ್ದಿದ್ರೆ ಬರ್ತಿದ್ರು. ಈಗ ಹುಷಾರಾಗಿದಾರೇನಮ್ಮ?" ವಸುಧಾ ಹಲ್ಲು ಕಚ್ಚಿಕೊಂಡು ಹೇಳುತ್ತಾಳೆ: "ಚೆನ್ನಾಗಿದಾರೆ ಅಮ್ಮ. ತುಂಬಾ ಚೆನ್ನಾಗಿದಾರೆ."